ಅಚ್ಛಾ ಎಂದರೆ ನಿಲ್ಲು

ನ್ಯೂಜೆರ್ಸಿಯ ಐಸೆಲಿನ್‌ನ ಭಾರತೀಯ ಅಂಗಡಿಗಳಿಗೆ ನಾನು ಹೋಗದೆ ಮೂರು ತಿಂಗಳಾಯಿತು. ತೊಗರಿಬೇಳೆ, ಹುಣಸೆಹಣ್ಣು, ಕರಿಬೇವು ಎಲ್ಲವನ್ನೂ ಈಗ ನನ್ನ ಗಂಡನೇ ತರುತ್ತಾನೆ. ಕರಿಬೇವಿನ ಕಟ್ಟನ್ನು ಬಿಚ್ಚಿ ನೋಡದೆ ತರುತ್ತಾನೆ, ಒಳಗಿನ ಎಲೆಗಳೆಲ್ಲ ಕಪ್ಪಾಗಿರುತ್ತವೆ. ಕಪ್ಪು ಎಲೆಗಳನ್ನು ಆರಿಸಿ ಕಸಕ್ಕೆ ಹಾಕುತ್ತೇನೆ.

ಕೊನೆಯ ಸಲ ಹೋಗಿದ್ದು ಸೆಪ್ಟೆಂಬರಿನ ಒಂದು ಶನಿವಾರ ಬೆಳಿಗ್ಗೆ. ಬೇಳೆಯ ಸಾಲಿನಲ್ಲಿ ಗಾಡಿ ತಳ್ಳಿಕೊಂಡು ಹೋಗುತ್ತಿದ್ದೆ. ಹಿಂದೆ ಯಾರೋ ಅಂಕಲ್ ಫೋನಿನಲ್ಲಿ "ಅಚ್ಛಾ, ಅಚ್ಛಾ" ಎಂದರು. ಅಷ್ಟೇ. ನಾನು ನಿಂತುಬಿಟ್ಟೆ. ಎದೆ ಹೊಡೆದುಕೊಳ್ಳಲಿಲ್ಲ, ಬೆವರಲಿಲ್ಲ, ಸುಮ್ಮನೆ ಕಾಲು ಮುಂದಕ್ಕೆ ಹೋಗಲಿಲ್ಲ. ಸಾಲಿನ ತುದಿಯಲ್ಲಿ ಉಪ್ಪಿನಕಾಯಿ ಬಾಟಲಿಗಳ ಎತ್ತರದ ಸ್ಟ್ಯಾಂಡ್ ಇತ್ತು. ಅದರ ಆಚೆ ಏನಿದೆ ಎಂದು ಕಾಣುತ್ತಿರಲಿಲ್ಲ. ನಾನು ಅದನ್ನೇ ನೋಡುತ್ತಾ ಎಷ್ಟು ಹೊತ್ತು ನಿಂತಿದ್ದೆನೋ. "ಆಂಟಿ, ಆರ್ ಯೂ ಓಕೆ?" ಎಂದು ಒಬ್ಬಳು ಹುಡುಗಿ ಕೇಳಿದಳು. ಓಕೆ ಎಂದೆ. ಅವಳೇ ನನ್ನ ಗಾಡಿಯನ್ನು ಪಕ್ಕಕ್ಕೆ ಸರಿಸಿ ದಾಟಿ ಹೋದಳು. ನಾನು ಗಾಡಿಯನ್ನು ಅಲ್ಲೇ ಬಿಟ್ಟು, ಬಂದ ದಾರಿಯಲ್ಲೇ ಹಿಂದಕ್ಕೆ ನಡೆದು ಕಾರಿನಲ್ಲಿ ಕೂತೆ.

ಇದಕ್ಕೆ ಕಾರಣ ಆಗಸ್ಟಿನಲ್ಲಿ ನಾವು ಮಾಡಿದ ಪ್ರವಾಸ. ಪೂರ್ವ ಆಫ್ರಿಕಾದ ಒಂದು ಸವಾನಾ ಉದ್ಯಾನಕ್ಕೆ ಹೋಗಿದ್ದೆವು. ಕಣ್ಣು ಹಾಯುವವರೆಗೆ ಒಣಹುಲ್ಲು, ನಡುವೆ ದೂರ ದೂರಕ್ಕೆ ಒಂದೊಂದು ಮುಳ್ಳಿನ ಮರ. ಹೋದವರು ನಾಲ್ಕು ಜನ: ನಾನು, ನನ್ನ ಗಂಡ, ಅವನ ಅಕ್ಕ, ಅಕ್ಕನ ಗಂಡ. ನಾನೂ ಅವರನ್ನು ಅಕ್ಕ, ಭಾವ ಎಂದೇ ಕರೆಯುವುದು. ನಾವಿಬ್ಬರು ಹ್ಯಾರಿಸನ್‌ನ ಅಪಾರ್ಟ್‌ಮೆಂಟಿನಲ್ಲಿದ್ದೇವೆ. ಅವರದ್ದು ಕೆಂಡಲ್ ಪಾರ್ಕ್‌ನಲ್ಲಿ ಸ್ವಂತ ಮನೆ. ಭಾವ ಉಡುಪಿ ಕಡೆಯವರು, ರೂಟ್ ಒನ್ ಹೆದ್ದಾರಿಯ ಪಕ್ಕದಲ್ಲಿ ಬಹಳ ವರ್ಷಗಳಿಂದ ಮೋಟೆಲ್ ನಡೆಸುತ್ತಾರೆ. ಅಕ್ಕ ಮೈಸೂರಿನಲ್ಲಿ ಬೆಳೆದವರು.

ಅಕ್ಕನಿಗೆ ಈ ವರ್ಷ ಅರವತ್ತು ತುಂಬಿತು. ಏನು ಮಾಡೋಣ ಎಂದು ಭಾವ ಕೇಳಿದಾಗ, "ಗಂಡಸರಿಗಾದ್ರೆ ಅರವತ್ತಕ್ಕೆ ಶಾಂತಿ ಮಾಡಿಸ್ತೀರಿ. ನನಗೆ ಶಾಂತಿ ಬೇಡ, ಆನೆ ತೋರಿಸಿ" ಎಂದಿದ್ದರು.

"ಮೈಸೂರಲ್ಲಿ ಹುಟ್ಟಿ ಆನೆ ನೋಡ್ಲಿಲ್ವಾ ನೀನು?" ಎಂದರು ಭಾವ.

"ಅದು ಡ್ಯೂಟಿ ಮಾಡೋ ಆನೆ. ನನಗೆ ರಜಾ ಮೇಲಿರೋ ಆನೆ ನೋಡ್ಬೇಕು."

ಹಾಗೆ ಹೊರಟೆವು.

ನಮ್ಮನ್ನು ಅಲ್ಲಿ ಐದು ದಿನ ಸುತ್ತಾಡಿಸಬೇಕಿದ್ದ ಗೈಡ್ ತೆಳ್ಳಗಿನ ಮನುಷ್ಯ, ನಲವತ್ತರ ಆಚೆ ಈಚೆ. ಗಾಡಿ ಓಡಿಸುವವನೂ ಆತನೇ. ಹಸಿರು ಸ್ವೆಟರು, ಎದೆಯ ಮೇಲೆ ಲೋಹದ ಬ್ಯಾಡ್ಜ್. ಗೈಡ್‌ಗಳ ಪರೀಕ್ಷೆಯಲ್ಲಿ ಎರಡು ಸಲ ಹಕ್ಕಿಗಳ ಭಾಗದಲ್ಲಿ ಫೇಲಾಗಿ ಮೂರನೆಯ ಸಲ ಪಡೆದ ಬ್ಯಾಡ್ಜ್ ಅದು. ಅದಿಲ್ಲದೆ ಗೇಟಿನ ಒಳಗೆ ಪ್ರವಾಸಿಗರನ್ನು ಕರೆದೊಯ್ಯುವಂತಿಲ್ಲ. ಬೆಳಿಗ್ಗೆ ಗಾಡಿ ಹತ್ತುವ ಮುಂಚೆ ಆತ ಅದನ್ನು ತೋಳಿನಿಂದ ಒಮ್ಮೆ ಉಜ್ಜಿಕೊಳ್ಳುತ್ತಿದ್ದ.

ಗೈಡ್ ಆಗುವ ಮುಂಚೆ ಆತನ ಕೆಲಸ ಉರುಳು ಕೀಳುವುದಾಗಿತ್ತು. ಉದ್ಯಾನದ ಅಂಚಿನ ಊರುಗಳವರು ಮಾಂಸಕ್ಕಾಗಿ ತಂತಿಯ ಉರುಳು ಒಡ್ಡುತ್ತಾರೆ. ಜಿಂಕೆಗೆಂದು ಇಟ್ಟದ್ದಕ್ಕೆ ಜೀಬ್ರಾ ಸಿಕ್ಕಿಕೊಳ್ಳುತ್ತದೆ, ಆನೆಮರಿಯ ಸೊಂಡಿಲೂ ಸಿಕ್ಕಿಕೊಳ್ಳುತ್ತದೆ. ಪೊದೆ ಪೊದೆ ಹುಡುಕಿ, ತಂತಿ ಕತ್ತರಿಸಿ, ಸುರುಳಿ ಸುತ್ತಿ ತರುವುದು. ಆ ತಂತಿಯಲ್ಲೇ ಅಲ್ಲಿನ ಹೆಂಗಸರು ಪುಟ್ಟ ಪ್ರಾಣಿಗಳನ್ನು ಮಾಡಿ ಗೇಟಿನ ಬಳಿ ಮಾರುತ್ತಾರೆ. ನಾನು ಒಂದು ಆನೆ ಕೊಂಡೆ. ಅದು ಈಗ ನಮ್ಮ ಬಾಗಿಲ ಪಕ್ಕದ ಮೊಳೆಯಲ್ಲಿ ಮನೆಯ ಕೀಲಿಯ ಜೊತೆ ನೇತಾಡುತ್ತಿದೆ.

ನಾನು ಮುಂದಿನ ಸೀಟಿನಲ್ಲಿ, ಆತನ ಪಕ್ಕ ಕೂರುತ್ತಿದ್ದೆ. ಹಿಂದಿನ ಸೀಟುಗಳಲ್ಲಿ ನನಗೆ ವಾಂತಿ ಬರುವಂತಾಗುತ್ತಿತ್ತು. ಹಾಗಾಗಿ ಆತ ಹೇಳಿದ ಮಾತುಗಳಲ್ಲಿ ಅನೇಕವು ನನಗೊಬ್ಬಳಿಗೇ ಕೇಳಿದವು. ಈ ಉದ್ಯಾನಕ್ಕೆ ಬೇಲಿ ಇಲ್ಲ, ಎಲ್ಲಿ ಮುಗಿಯುತ್ತದೆ ಎಂದು ಆನೆಗಳಿಗೆ ಗೊತ್ತಿಲ್ಲ ಎಂದ. ಅವು ಆಚೆಗಿನ ಜೋಳದ ಹೊಲಕ್ಕೆ ಹೋಗುತ್ತವೆ. ಹೊಲದವರು ಮೊದಲು ಈಟಿ ಹಿಡಿಯುತ್ತಿದ್ದರು. ಈಗ ಕೆಲವರು ಹೊಲದ ಸುತ್ತ ತಂತಿ ಕಟ್ಟಿ ಅದಕ್ಕೆ ಜೇನುಗೂಡು ತೂಗು ಹಾಕಿದ್ದಾರೆ. ಆನೆ ತಂತಿಗೆ ತಾಗಿದರೆ ಗೂಡು ಅಲುಗುತ್ತದೆ, ಜೇನು ಏಳುತ್ತದೆ. "ಆನೆಗೆ ನನ್ನ ಭಯವಿಲ್ಲ, ನೊಣದಷ್ಟು ಚಿಕ್ಕದರ ಭಯವಿದೆ" ಎಂದು ನಕ್ಕ. ಅಷ್ಟು ದೊಡ್ಡ ಪ್ರಾಣಿ ನಡೆದರೆ ಸದ್ದೇ ಆಗುವುದಿಲ್ಲ, ಪಾದದೊಳಗೆ ಮೆತ್ತೆಯಂಥ ಕೊಬ್ಬಿದೆ ಎಂದೂ ಹೇಳಿದ.

ನಮ್ಮೊಡನೆ ಆತ ಮಾತಾಡುತ್ತಿದ್ದುದು ಇಂಗ್ಲಿಷ್. ಭಾರತದ ಪ್ರವಾಸಿಗರಿಂದ ಕಲಿತ ನಾಲ್ಕಾರು ಹಿಂದಿ ಪದಗಳೂ ಇದ್ದವು. ಬೆಳಿಗ್ಗೆ "ನಮಸ್ತೆ", ಹೊರಡುವಾಗ "ಚಲೋ". ಭಾವನ ಹತ್ತಿರ ಮಾತಾಡುವಾಗಲಂತೂ ಪ್ರತಿ ಮಾತಿಗೂ "ಅಚ್ಛಾ". ಭಾವನಿಗೆ ಖುಷಿ. "ಇವ ನಮ್ಮವನೇ ಮಾರಾಯ್ರೆ, ನಾಳೆ ಇವನಿಗೆ ಬನ್ಸ್ ಮಾಡ್ಲಿಕ್ಕೆ ಕಲಿಸುವ" ಎನ್ನುತ್ತಿದ್ದರು.

ಮೊದಲ ದಿನ ಸಂಜೆ, ಹಿಂದೆ ಮೂವರೂ ತೂಕಡಿಸುತ್ತಿದ್ದಾಗ, ಆತ ನನಗೆ ಆ ಪದದ ಕಥೆ ಹೇಳಿದ. ಕೆಲಸಕ್ಕೆ ಸೇರಿದ ಹೊಸದರಲ್ಲಿ ಹಿಂದಿನ ಸೀಟಿನ ಭಾರತೀಯರು ತಮ್ಮತಮ್ಮಲ್ಲೇ ಅಚ್ಛಾ ಅಚ್ಛಾ ಎಂದಾಗಲೆಲ್ಲ ಆತ ಬ್ರೇಕ್ ಹಾಕುತ್ತಿದ್ದನಂತೆ. ಯಾಕೆಂದರೆ ಆತನ ಸ್ವಾಹಿಲಿಯಲ್ಲಿ "ಅಚ" ಎಂದರೆ ಬಿಡು, ನಿಲ್ಲಿಸು. "ಒಂದು ಇಡೀ ದಿನ ಗಾಡಿ ಮುಂದೆ ಹೋಗಲೇ ಇಲ್ಲ ಮೇಡಂ. ಅವರಿಗೆ ನನ್ನ ಮೇಲೆ ಸಿಟ್ಟು, ನನಗೆ ಅವರ ಮೇಲೆ ಸಿಟ್ಟು" ಎಂದ. ನಾನು ಕಣ್ಣಲ್ಲಿ ನೀರು ಬರುವಷ್ಟು ನಕ್ಕೆ. ಅಕ್ಕನಿಗೆ ಹೇಳಬೇಕು ಅಂದುಕೊಂಡೆ. ಮರೆತೆ.

ಅಂದರೆ, ನನಗೆ ಗೊತ್ತಿತ್ತು.

ಮೂರನೆಯ ದಿನ ಮಧ್ಯಾಹ್ನ ಊಟಕ್ಕೆ ನಿಲ್ಲಿಸಿದೆವು. ಉದ್ಯಾನದೊಳಗೆ ಗಾಡಿಯಿಂದ ಇಳಿಯುವಂತಿಲ್ಲ, ಇಂಥ ಕೆಲವು ಜಾಗಗಳಲ್ಲಿ ಮಾತ್ರ ಇಳಿಯಬಹುದು. ಒಂದು ದೊಡ್ಡ ಅತ್ತಿ ಮರ, ಎರಡು ಸಿಮೆಂಟ್ ಮೇಜು, ಐವತ್ತು ಹೆಜ್ಜೆ ಆಚೆ ಟಾಯ್ಲೆಟ್ಟಿನ ಕಟ್ಟಡ, ಅದರ ಹಿಂದೆ ನೀರಿನ ಟ್ಯಾಂಕು. ಆತ ಮೊದಲು ತಾನೊಬ್ಬನೇ ಇಳಿದು, ಕಟ್ಟಡವನ್ನು ಒಂದು ಸುತ್ತು ಹಾಕಿ ಬಂದು, ಆಮೇಲೆ ನಮಗೆ ಇಳಿಯಿರಿ ಎಂದ. ಇದನ್ನು ನಾನು ನೋಡಿದ್ದೇನೆ. ಭಾವ ಅಷ್ಟರಲ್ಲಿ ಚಪಾತಿ ಡಬ್ಬಿ ಹುಡುಕುತ್ತಿದ್ದರು.

ಅಕ್ಕ, ನಾನು ಟಾಯ್ಲೆಟ್ಟಿಗೆ ಹೋದೆವು. ಹೊರಗೆ ಬಂದೆವು. ನನ್ನ ಕೈ ಒದ್ದೆಯಾಗಿತ್ತು, ಕಾಗದದ ಟವೆಲಿನಿಂದ ಒರೆಸಿಕೊಳ್ಳುತ್ತಿದ್ದೆ. ಅಕ್ಕ ಕನ್ನಡಕ ತೆಗೆದು ಕುರ್ತಾದ ತುದಿಯಿಂದ ಒರೆಸುತ್ತಿದ್ದರು. ಅಲ್ಲಿಂದ ಗಾಡಿಗೆ ಬರಲು ಕಟ್ಟಡದ ಮೂಲೆ ತಿರುಗಬೇಕು. ನಾವಿದ್ದ ಕಡೆಯಿಂದ ಆತ ಕಾಣುತ್ತಿದ್ದ. ಫ್ಲಾಸ್ಕು ಹಿಡಿದು ಗಾಡಿಯ ಪಕ್ಕ ನಿಂತಿದ್ದ. ಭಾವ, ನನ್ನ ಗಂಡ ಅಲ್ಲೇ ಮೇಜಿನ ಮೇಲೆ ಡಬ್ಬಿಗಳನ್ನು ಬಿಚ್ಚುತ್ತಿದ್ದರು. ಆತನಿಗೆ ಮೂಲೆಯ ಆಚೆಗೂ ಕಾಣುತ್ತಿತ್ತು. ನಮಗೆ ಕಾಣುತ್ತಿರಲಿಲ್ಲ.

ಆತ ನಮ್ಮನ್ನು ನೋಡಿ, ಜೋರಾಗಿ ಅಲ್ಲ, "ಅಚ. ಅಚ" ಎಂದ. ಅಂಗೈಯನ್ನು ನೆಲಕ್ಕೆ ಮಾಡಿ, ಕೈಯನ್ನು ಮೆಲ್ಲಗೆ ಕೆಳಕ್ಕೆ ಒತ್ತಿದ. ನಮ್ಮಲ್ಲಿ ಅಂಗೈ ಕೆಳಗೆ ಮಾಡಿ ಕೈ ಆಡಿಸಿದರೆ ಹತ್ತಿರ ಬಾ ಎಂದರ್ಥ.

"ಏನಂತೆ?" ಎಂದರು ಅಕ್ಕ.

"ಅಚ್ಛಾ ಅಂತಿದಾನೆ. ಊಟ ಇಟ್ಟಾಯ್ತು ಅನ್ಸುತ್ತೆ. ಬನ್ನಿ ಅಕ್ಕ" ಎಂದೆ.

ಇದನ್ನು ಹೇಳಿದವಳು ನಾನು. ಅಕ್ಕ ಕನ್ನಡಕ ಹಾಕಿಕೊಂಡು ಮುಂದೆ ನಡೆದರು. ನಾನು ಹಿಂದೆಯೇ ಉಳಿದೆ, ಕೈ ಇನ್ನೂ ಪೂರ್ತಿ ಒಣಗಿರಲಿಲ್ಲ.

ಟ್ಯಾಂಕಿನ ಪೈಪು ಸೋರುತ್ತಿತ್ತು. ಮಳೆಯಿಲ್ಲದ ಆ ತಿಂಗಳುಗಳಲ್ಲಿ ಆನೆಗಳಿಗೆ ಆ ನೀರಿನ ವಾಸನೆ ಸಿಗುತ್ತದೆ. ನಾವು ಒಳಗಿದ್ದಾಗ ಒಂದು ಹೆಣ್ಣಾನೆ ಮರಿಯ ಜೊತೆ ಬಂದು ಅಲ್ಲಿ ನಿಂತಿತ್ತು. ಸದ್ದಿಲ್ಲದೆ ಬಂದಿತ್ತು. ಅಕ್ಕ ಮೂಲೆ ತಿರುಗಿದಾಗ ಮರಿ ಅವರ ಒಂದು ಕಡೆಗೆ, ತಾಯಿ ಇನ್ನೊಂದು ಕಡೆಗೆ.

ನಾನು ಮೊದಲು ಕಂಡದ್ದು ಸೊಂಡಿಲಿನ ತುದಿಯಿಂದ ತೊಟ್ಟಿಕ್ಕುತ್ತಿದ್ದ ನೀರು. ಆಮೇಲೆ ಕಿವಿಗಳು. ಅಕ್ಕ ಹಿಂದಕ್ಕೆ ತಿರುಗಿದರು, ಚರಂಡಿಯ ಸಿಮೆಂಟ್ ಅಂಚಿಗೆ ಎಡವಿ ಬಿದ್ದರು. ಆನೆ ಅವರ ಮೇಲೆ ಬಂತು. ಮೇಲೆ ಎಂದರೆ ನಿಜವಾಗಿಯೂ ಮೇಲೆ. ಅವರು ಅದರ ನೆರಳಿನಲ್ಲಿದ್ದರು. ಧೂಳು ಎದ್ದಿತು. ಆತ ಓಡಿಬಂದ. ಆನೆಯಿಂದ ದೂರಕ್ಕಲ್ಲ, ಆನೆಯ ಕಡೆಗೇ. ಫ್ಲಾಸ್ಕಿಗೆ ಸ್ಟೀಲಿನ ಡಬ್ಬಿಯ ಮುಚ್ಚಳ ಬಡಿಯುತ್ತಾ, ತನ್ನ ಭಾಷೆಯಲ್ಲಿ ಕೂಗುತ್ತಾ, ನಾಲ್ಕೈದು ಹೆಜ್ಜೆ ದೂರದಲ್ಲಿ ಎರಡೂ ಕೈ ಅಗಲಿಸಿ ನಿಂತ. ಆನೆ ತಲೆ ಕೊಡವಿತು. ಕಿವಿಗಳು ಅದರ ಕತ್ತಿಗೆ ಬಡಿದ ಸದ್ದು ಕೇಳಿಸಿತು. ಮರಿ ಪೊದೆಯ ಕಡೆ ಓಡಿತು. ತಾಯಿ ಒಮ್ಮೆ ಅತ್ತ ನೋಡಿ, ಒಮ್ಮೆ ಆತನನ್ನು ನೋಡಿ, ಮರಿಯ ಹಿಂದೆ ಹೋಯಿತು.

ಇಡೀ ಘಟನೆ ಹತ್ತು ಸೆಕೆಂಡ್ ಎನ್ನುತ್ತಾನೆ ನನ್ನ ಗಂಡ. ಭಾವನ ಪ್ರಕಾರ ಐದು ನಿಮಿಷ. ನನಗೆ ಅದು ಇನ್ನೂ ಮುಗಿದಿಲ್ಲ. ಪಾಥ್ ರೈಲು ಹ್ಯಾರಿಸನ್ ಬಿಟ್ಟು ನದಿಯ ಸೇತುವೆಗಳನ್ನು ದಾಟುವಾಗ, ಆಫೀಸಿನ ಲಿಫ್ಟಿನಲ್ಲಿ, ಹಲ್ಲುಜ್ಜುವಾಗ, ಪ್ರತಿ ಸಲವೂ ಕೈ ಒರೆಸಿಕೊಳ್ಳುವಲ್ಲಿಂದ ಶುರುವಾಗುತ್ತದೆ. ಪ್ರತಿ ಸಲವೂ ನಾನು ಬನ್ನಿ ಎನ್ನುತ್ತೇನೆ. ಒಂದು ಸಲವೂ ನಿಲ್ಲಿ ಎಂದಿಲ್ಲ.

ನಾನು ಕಿರುಚಲಿಲ್ಲ, ಓಡಲಿಲ್ಲ. ಅಕ್ಕನನ್ನು ಸಣ್ಣ ವಿಮಾನದಲ್ಲಿ ಮಲಗಿಸಿ ಅಲ್ಲಿನ ನಗರದ ಆಸ್ಪತ್ರೆಗೆ ಒಯ್ಯುವಾಗ ನೋಡಿದರೆ ಆ ಕಾಗದದ ಟವೆಲ್ ನನ್ನ ಮುಷ್ಟಿಯಲ್ಲೇ ಇತ್ತು.

ಅಕ್ಕನ ಬಲತೊಡೆಯ ಮೂಳೆ ಎರಡು ಕಡೆ ಮುರಿದಿತ್ತು. ಬಿದ್ದದ್ದರಿಂದಲೋ ಆನೆಯ ಕಾಲು ತಾಗಿದ್ದರಿಂದಲೋ ಡಾಕ್ಟರಿಗೂ ಹೇಳಲಾಗಲಿಲ್ಲ. ಒಳಗೆ ರಾಡ್ ಹಾಕಿದರು. ಎರಡು ವಾರದ ಮೇಲೆ ನ್ಯೂಜೆರ್ಸಿಗೆ ಕರೆತಂದೆವು.

ನ್ಯೂಜೆರ್ಸಿಯ ವಿಮಾನ ಹತ್ತುವ ಮುಂಚೆ ಆ ಗೈಡ್ ನನ್ನ ಹತ್ತಿರ ಬಂದಿದ್ದ. ಸ್ವೆಟರಿನ ಮೇಲೆ ಬ್ಯಾಡ್ಜ್ ಇರಲಿಲ್ಲ, ಅದಿದ್ದ ಕಡೆ ಉಣ್ಣೆ ಸ್ವಲ್ಪ ಗಾಢ ಹಸಿರಾಗಿತ್ತು. ವಿಚಾರಣೆ ಮುಗಿಯುವವರೆಗೆ ತೆಗೆದಿಟ್ಟುಕೊಂಡಿದ್ದರು. "ಮೇಡಂ, ಅವಳ ಜೊತೆ ಮರಿ ಇತ್ತು. ದಯವಿಟ್ಟು ಅದನ್ನು ಬರೆಯಿರಿ. ಇಲ್ಲದಿದ್ದರೆ ಅವಳನ್ನು ಕೆಟ್ಟ ಆನೆ ಅಂದುಬಿಡುತ್ತಾರೆ" ಎಂದ. ತನ್ನ ಬಗ್ಗೆ ಏನೂ ಕೇಳಲಿಲ್ಲ. ಆನೆಗೆ ಏನೂ ಆಗಲಿಲ್ಲ. ರೇಂಜರುಗಳು ಹೆಜ್ಜೆ ಗುರುತು ನೋಡಿ, ಮರಿಯ ತಾಯಿ ಎಂದು ಬರೆದುಕೊಂಡು, ಪೈಪು ರಿಪೇರಿ ಮಾಡಿಸಿದರು. ಉಳಿದದ್ದು ಆತನ ವಿಷಯ.

ಸೆಪ್ಟೆಂಬರ್ ಕೊನೆಯಲ್ಲಿ ನಮ್ಮನ್ನು ಕರೆದೊಯ್ದ ಕಂಪನಿಯಿಂದ ಒಂದು ಫಾರ್ಮ್ ಬಂತು. ಅಲ್ಲಿದ್ದವರೆಲ್ಲ ತುಂಬಬೇಕು. ನಾಲ್ಕನೆಯ ಪ್ರಶ್ನೆ: ಘಟನೆಗೆ ಮುಂಚೆ ಗೈಡ್ ಎಚ್ಚರಿಕೆ ಕೊಟ್ಟರೇ?

ಭಾವ ಅದೇ ದಿನ ತುಂಬಿ ಕಳಿಸಿದರು. ಆ ವಾರಾಂತ್ಯ ಕೆಂಡಲ್ ಪಾರ್ಕಿಗೆ ಹೋದಾಗ ನನಗೆ ತೋರಿಸಿದರು. ಎಚ್ಚರಿಕೆ ಕೊಡಲಿಲ್ಲ, ಬದಲಿಗೆ ಮುಂದೆ ಬರಲು ಹೇಳಿದ ಎಂದು ಬರೆದಿದ್ದರು.

"ಅಚ್ಛಾ ಹೇಳಿದ್ದು ನಾನು ಕಿವಿಯಾರೆ ಕೇಳಿದ್ದು ಮಾರಾಯ್ತಿ. ಒಂದಲ್ಲ, ಎರಡು ಸಲ. ಕೈ ಬೇರೆ ಮಾಡಿ ಕರೆದ. ಎದುರಿಗೆ ಆನೆ ಉಂಟು, ಇವ ಅಚ್ಛಾ ಹೇಳುದಾ? ನೀನೂ ಅದನ್ನೇ ಬರಿ. ಇನ್ನು ಅವ ಯಾರನ್ನೂ ಕರ್ಕೊಂಡು ಹೋಗ್ಬಾರ್ದು."

ಭಾವ ಸುಳ್ಳು ಹೇಳುವವರಲ್ಲ. ಅವರು ಕೇಳಿದ್ದನ್ನೇ ಬರೆದಿದ್ದರು. ನಾನು "ಹೂಂ" ಎಂದೆ.

ನಾನೊಂದು ಔಷಧ ಕಂಪನಿಯ ಗುಣಮಟ್ಟ ವಿಭಾಗದಲ್ಲಿ ಕೆಲಸ ಮಾಡುತ್ತೇನೆ. ಎಲ್ಲಾದರೂ ತಪ್ಪು ನಡೆದರೆ ಅದರ ವರದಿ ಬರೆಯುವುದೇ ನನ್ನ ಕೆಲಸ. ಅದಕ್ಕೊಂದು ರೀತಿ ಇದೆ: ಯಾರು ಎಂದು ಬರೆಯುವುದಿಲ್ಲ. "ಉಷ್ಣತೆಯನ್ನು ದಾಖಲಿಸಲಾಗಲಿಲ್ಲ", "ಮುಚ್ಚಳವನ್ನು ತಡವಾಗಿ ಹಾಕಲಾಯಿತು". ಇಪ್ಪತ್ತು ನಿಮಿಷದಲ್ಲಿ ನನ್ನ ಹೇಳಿಕೆ ಸಿದ್ಧವಾಯಿತು. ನಾಲ್ಕನೆಯ ಪ್ರಶ್ನೆಗೆ: ಗೈಡ್ ಮೌಖಿಕ ಸೂಚನೆ ನೀಡಿದರು, ಭಾಷೆಯ ವ್ಯತ್ಯಾಸದಿಂದ ಸೂಚನೆಯನ್ನು ತಪ್ಪಾಗಿ ಗ್ರಹಿಸಲಾಯಿತು.

ನನ್ನ ಗಂಡ ಓದಿ, "ಚೆನ್ನಾಗಿದೆ. ಯಾರಿಗೂ ತೊಂದರೆ ಇಲ್ಲ. ಕಳಿಸ್ಬಿಡು" ಎಂದ. ಬೇಳೆ ಕುಕ್ಕರಿನಲ್ಲಿಟ್ಟು ಬಂದು ಮತ್ತೆ ಓದಿದೆ. ಯಾರಿಗೂ ತೊಂದರೆ ಇರಲಿಲ್ಲ, ನಿಜ. ಆದರೆ ಯಾವ ಪದ, ಅದರ ಅರ್ಥ ಏನು, ಕೇಳಿದವರು ಯಾರು, ಏನೂ ಇರಲಿಲ್ಲ. ಭಾವನ ಹೇಳಿಕೆಯಲ್ಲಿ ಸ್ಪಷ್ಟವಾಗಿ ಒಂದು ಅಚ್ಛಾ ಇತ್ತು. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡುವ ಯಾರೇ ಆದರೂ ಭಾವನದ್ದನ್ನೇ ನಂಬುತ್ತಾರೆ. ನನ್ನ ಕೆಲಸದಲ್ಲಿ ನಾನೂ ಅದನ್ನೇ ನಂಬುತ್ತಿದ್ದೆ.

ಕಳಿಸಲಿಲ್ಲ. ಬೇರೆಯದನ್ನು ಬರೆಯಲೂ ಇಲ್ಲ. ಅಕ್ಟೋಬರ್ ಹಾಗೇ ಹೋಯಿತು. ನೆನಪಿಸಿ ಎರಡು ಈಮೇಲ್ ಬಂದವು. ಎರಡನೆಯದರಲ್ಲಿ, ಬ್ಯಾಡ್ಜಿನ ಬಗ್ಗೆ ತೀರ್ಮಾನ ಮಾಡುವ ಸಭೆ ನವೆಂಬರ್ ಮಧ್ಯದಲ್ಲಿದೆ ಎಂದಿತ್ತು.

ನವೆಂಬರಿನ ಮೊದಲ ಶನಿವಾರ ಮಧ್ಯಾಹ್ನ ಕೆಂಡಲ್ ಪಾರ್ಕಿಗೆ ಹೋದೆ. ನನ್ನ ಗಂಡ ಬರಲಿಲ್ಲ. ಅಕ್ಕ ಹಾಲಿನ ಕಿಟಕಿಯ ಪಕ್ಕ ಕಾಲು ಚಾಚಿ ಕೂತಿದ್ದರು, ವಾಕರ್ ಪಕ್ಕದಲ್ಲಿತ್ತು. ಭಾವ ಅಡುಗೆಮನೆಯಲ್ಲಿ ನೀರುದೋಸೆಗೆ ಅಕ್ಕಿ ರುಬ್ಬುತ್ತಿದ್ದರು. ಮಿಕ್ಸಿಯ ಸದ್ದು.

"ಅಕ್ಕ, ಆವತ್ತು ಆ ಗೈಡ್ ಅಂದಿದ್ದು ಅಚ್ಛಾ ಅಲ್ಲ. ಅವನ ಭಾಷೇಲಿ ಅಚ ಅಂದ್ರೆ ನಿಲ್ಲು ಅಂತ" ಎಂದೆ.

"ಹೌದಾ?"

"ನನಗೆ ಗೊತ್ತಿತ್ತು. ಮೊದಲ ದಿನಾನೇ ಹೇಳಿದ್ದ. ಗೊತ್ತಿದ್ದೂ ನಾನು ನಿಮಗೆ…"

"ಬನ್ನಿ ಅಕ್ಕ, ಅಂದೆ" ಎಂದರು ಅಕ್ಕ. "ನೆನಪಿದೆ ಕಣೆ. ತೊಡೆ ಮುರಿದಿದ್ದು, ತಲೆಯಲ್ಲ."

ಮೂರು ತಿಂಗಳಿಂದ ಅವರಿಗೆ ಇದು ನೆನಪಿತ್ತು. ಪ್ರತಿ ವಾರ ನಾನು ಬಂದಾಗ ಕಾಫಿ ಕುಡಿಸಿ ಕಳಿಸಿದ್ದರು.

"ಭಾವನಿಗೆ ಯಾಕೆ ಹೇಳ್ಲಿಲ್ಲ?"

"ಹೇಳಿದ್ರೆ ನೀನು ಈ ಮನೆಗೆ ಬರ್ತಿದ್ದೆಯಾ? ಅವರು ಸೇರಿಸ್ತಿದ್ರಾ? ಅವನು ಯಾರೋ, ಇನ್ನು ನಾನು ನೋಡೋದೂ ಇಲ್ಲ. ನೀನು ನಮ್ಮವಳು."

"ಅವನ ಬ್ಯಾಡ್ಜ್ ಹೋಗುತ್ತೆ ಅಕ್ಕ."

"ನನ್ನ ಕಾಲು ಹೋಗಿದೆ."

"ಹೌದು."

ಮಿಕ್ಸಿ ನಿಂತು ಮತ್ತೆ ಶುರುವಾಯಿತು. ಅಕ್ಕ ಕಿಟಕಿಯ ಹೊರಗೆ ನೋಡುತ್ತಿದ್ದರು. ತಿರುಗದೆಯೇ, "ಏನು ಬರ್ದಿದೀಯ, ಓದು" ಎಂದರು. ನಾನು ಫೋನ್ ತೆಗೆದು ಇಂಗ್ಲಿಷಿನಲ್ಲಿ ಓದಿದೆ. "ಕನ್ನಡದಲ್ಲಿ ಹೇಳು" ಎಂದರು. ಹೇಳಿದೆ: ಸೂಚನೆಯನ್ನು ತಪ್ಪಾಗಿ ಗ್ರಹಿಸಲಾಯಿತು.

ಅಕ್ಕ ನಕ್ಕರು. ನಕ್ಕರೆ ಸೊಂಟ ನೋಯುತ್ತದೆ, ಆದರೂ ನಕ್ಕರು. "ಇದೇನೇ ಇದು, ರೇಡಿಯೋ ವಾರ್ತೆ! ಗ್ರಹಿಸಲಾಯಿತಂತೆ. ಯಾರು ಗ್ರಹಿಸಿದ್ದು? ಪ್ರದೇಶ ಸಮಾಚಾರದವರಾ?"

"ನಾನು."

"ನಾನು ಅಂತ ಬರೆಯೋಕೆ ಕೈ ಬರಲ್ವಾ?"

"ಅಕ್ಕ, ಬರೆದ್ರೆ ಭಾವನಿಗೆ ಗೊತ್ತಾಗುತ್ತೆ."

ಅಕ್ಕ ತಮ್ಮ ಕಾಲನ್ನು ನೋಡಿಕೊಂಡರು. "ನಾನು ಬಿದ್ದಿದ್ದಾಗ ಕಣ್ಣು ಬಿಟ್ಟೇ ಇದ್ದೆ. ಮೇಲೆ ಆನೆ ಹೊಟ್ಟೆ. ಅದರ ಆಚೆ ಆ ಗೈಡ್ ಕಾಲು ಎರಡು. ಒಂದು ಶೂಗೆ ಲೇಸ್ ಇರ್ಲಿಲ್ಲ, ತಂತಿ ಕಟ್ಕೊಂಡಿದ್ದ. ಆ ಕಾಲು ಹಿಂದಕ್ಕೆ ಹೋಗುತ್ತಾ ಅಂತ ನೋಡ್ತಾನೇ ಇದ್ದೆ. ಹೋಗ್ಲಿಲ್ಲ." ಆಮೇಲೆ ಇನ್ನೊಂದು ಧ್ವನಿಯಲ್ಲಿ, "ಬರಿ. ಇಲ್ಲೇ ಕೂತು ಬರಿ" ಎಂದರು.

ಬರೆದೆ. ಆತ ಇಳಿದು ಕಟ್ಟಡ ಸುತ್ತಿ ನೋಡಿದ್ದನ್ನು ಬರೆದೆ. ಆ ಪದದ ಅರ್ಥವನ್ನು ಮೊದಲ ದಿನವೇ ನನಗೆ ಹೇಳಿದ್ದನ್ನು ಬರೆದೆ. ಅದು ನನಗೆ ಗೊತ್ತಿದ್ದೂ ಆ ಕ್ಷಣ ಹಿಂದಿಯಂತೆ ಕೇಳಿದೆ, ನಾನೇ ಅವರನ್ನು ಮುಂದೆ ಹೋಗಲು ಹೇಳಿದೆ ಎಂದು ಬರೆದೆ. ಆನೆಯ ಜೊತೆ ಮರಿ ಇತ್ತು ಎಂದು ಬರೆದೆ. ಕಳಿಸುವ ಗುಂಡಿ ಒತ್ತುವಾಗ ಹೆದರಿಕೆ ಆಗುತ್ತದೆ ಅಂದುಕೊಂಡಿದ್ದೆ. ಏನೂ ಆಗಲಿಲ್ಲ.

ಮಿಕ್ಸಿ ನಿಂತು ಎಷ್ಟು ಹೊತ್ತಾಗಿತ್ತೋ, ತಿರುಗಿ ನೋಡಿದರೆ ಭಾವ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದರು. ಕೈಯಲ್ಲಿ ಹಿಟ್ಟಿನ ಪಾತ್ರೆ.

"ಎಂತ, ಬನ್ನಿ ಹೇಳಿ ಕರೆದದ್ದು ನೀನೇಯಾ?" ಎಂದರು.

ಹೇಳಿದೆ. ಎಲ್ಲವನ್ನೂ ಮತ್ತೆ ಹೇಳಿದೆ. ಅವರು ಪಾತ್ರೆಯನ್ನು ಊಟದ ಮೇಜಿನ ಮೇಲಿಟ್ಟರು. ನನ್ನನ್ನು ಬೈಯಲಿಲ್ಲ. ಜಾಕೆಟ್ ಹಾಕಿಕೊಂಡು ಗ್ಯಾರೇಜಿಗೆ ಹೋಗಿ ಎಲೆ ಊದುವ ಯಂತ್ರ ತೆಗೆದು ಹಿತ್ತಲಿನಲ್ಲಿ ಶುರುಮಾಡಿದರು. ಹಿಂದಿನ ದಿನವಷ್ಟೇ ಎಲೆಯೆಲ್ಲ ತೆಗೆದಾಗಿತ್ತು. ಹಿತ್ತಲಿನಲ್ಲಿ ಒಂದು ಎಲೆಯೂ ಇರಲಿಲ್ಲ. ಖಾಲಿ ಹುಲ್ಲನ್ನು ಅರ್ಧ ಗಂಟೆ ಊದಿದರು.

"ನೀನೀಗ ಹೊರಡು. ದೋಸೆ ಇನ್ನೊಂದು ದಿನ" ಎಂದರು ಅಕ್ಕ.

ಆಮೇಲೆ ಐದು ವಾರ ನಾನು ಅಲ್ಲಿಗೆ ಹೋಗಲಿಲ್ಲ. ಭಾವ ನನ್ನ ಗಂಡನಿಗೆ ಫೋನ್ ಮಾಡುತ್ತಿದ್ದರು, ನನ್ನನ್ನು ಕೇಳುತ್ತಿರಲಿಲ್ಲ. ಈ ನಡುವೆ ಇನ್ನೊಂದನ್ನು ಗಮನಿಸಿದೆ: ನನಗೆ ಬನ್ನಿ ಎನ್ನಲು ಆಗುತ್ತಿಲ್ಲ. ಮನೆಗೆ ಯಾರಾದರೂ ಬಂದರೆ ಬಾಗಿಲು ತೆಗೆದು ಹಲೋ ಎನ್ನುತ್ತೇನೆ. ಅವರೇ ಒಳಗೆ ಬರುತ್ತಾರೆ. ಇದನ್ನು ಯಾರೂ ಗಮನಿಸಿಲ್ಲ.

ಡಿಸೆಂಬರಿನಲ್ಲಿ ಕಂಪನಿಯ ಉತ್ತರ ಬಂತು. ಆಫೀಸಿನಿಂದ ಬರುವಾಗ ರೈಲಿನಲ್ಲಿ ನಿಂತು ಓದಿದೆ. ನನ್ನ ಹೇಳಿಕೆಯನ್ನೂ, ಗಾಯಗೊಂಡವರ ಪತಿಯ ತಿದ್ದಿದ ಹೇಳಿಕೆಯನ್ನೂ ಸಭೆ ಪರಿಶೀಲಿಸಿತು. ಗೈಡ್‌ನ ಬ್ಯಾಡ್ಜ್ ಹಿಂತಿರುಗಿಸಲಾಗಿದೆ. ಇನ್ನು ಮುಂದೆ ಗೇಟು ದಾಟುವ ಮುಂಚೆ ಎಚ್ಚರಿಕೆಯ ಮಾತುಗಳನ್ನು ಎಲ್ಲ ಪ್ರವಾಸಿಗರಿಗೂ ಹೇಳಿಕೊಡಬೇಕೆಂದು ತೀರ್ಮಾನವಾಗಿದೆ. ತಿದ್ದಿದ ಹೇಳಿಕೆ ಎಂಬುದನ್ನು ಎರಡು ಸಲ ಓದಿದೆ. ಭಾವ ಏನು ತಿದ್ದಿದರು, ಯಾವಾಗ ಕಳಿಸಿದರು, ನನಗೆ ಗೊತ್ತಿಲ್ಲ. ಸಮಾಧಾನವಾಗಬೇಕಿತ್ತು. ರೈಲು ನಿಂತಾಗ ಇಳಿದೆ. ಮನೆಗೆ ಬಂದು ಕೀಲಿಯನ್ನು ಮೊಳೆಗೆ ಹಾಕಿದೆ. ತಂತಿಯ ಆನೆ ಸ್ವಲ್ಪ ಅಲ್ಲಾಡಿ ನಿಂತಿತು.

ಆ ಭಾನುವಾರ ಇಬ್ಬರೂ ಕೆಂಡಲ್ ಪಾರ್ಕಿಗೆ ಹೋದೆವು. ಬಾಗಿಲು ತೆಗೆದದ್ದು ಭಾವ. ನನ್ನ ಗಂಡ ಒಳಗೆ ಹೋದ. ನಾನು ಮೆಟ್ಟಿಲ ಮೇಲೆ ನಿಂತೆ.

"ಎಂತ ನಿಂತದ್ದು? ಚಳಿ ಒಳಗೆ ಬರ್ತದೆ, ನೀನೂ ಬಾ" ಎಂದರು. ಅಷ್ಟೇ ಹೇಳಿ ಅಡುಗೆಮನೆಗೆ ಹೋದರು. ಕಾವಲಿ ಕಾದ ವಾಸನೆ ಬರುತ್ತಿತ್ತು.

ಅಕ್ಕ ಮಲಗುವ ಕೋಣೆಯಲ್ಲಿದ್ದರು. ವಾಕರ್ ಬಿಟ್ಟು ಈಗ ಕೋಲು ಹಿಡಿದು ನಡೆಯುತ್ತಾರಂತೆ, ನಮಗೆ ತೋರಿಸಬೇಕೆಂದು ಕಾದಿದ್ದರು. ಕೋಣೆಯಿಂದ ಹಾಲಿಗೆ ಬರಲು ಒಂದು ಸಣ್ಣ ಓಣಿ, ಅದರ ಕೊನೆಗೆ ಒಂದು ಮೂಲೆ. ಅವರು ಮೂಲೆಯ ಆಚೆ ನಿಂತು ಕೂಗಿದರು: "ಬರ್ಲೇನೇ? ದಾರಿ ಖಾಲಿ ಇದೆಯಾ?"

ಅಲ್ಲಿ ಶೂ ಇಡುವ ಸ್ಟ್ಯಾಂಡ್ ಬಿಟ್ಟರೆ ಏನೂ ಇಲ್ಲ ಎಂದು ನನಗೆ ಗೊತ್ತಿತ್ತು. ಎದ್ದು ಹೋದೆ. ಮೂಲೆಯ ಈ ಕಡೆ ನೋಡಿದೆ, ಆ ಕಡೆ ನೋಡಿದೆ. ನನ್ನ ಗಂಡನ ಒಂದು ಶೂ ದಾರಿಗೆ ಅಡ್ಡ ಬಿದ್ದಿತ್ತು. ಅದನ್ನು ತೆಗೆದಿಟ್ಟೆ. ಮತ್ತೊಮ್ಮೆ ನೋಡಿದೆ.

"ಇದೇನೇ, ನಮ್ಮನೇಲೂ ಆನೆ ಹುಡುಕ್ತಿದೀಯ?" ಎಂದರು ಅಕ್ಕ, ಕೋಲಿನ ಮೇಲೆ ಬಗ್ಗಿ.

"ಹೂಂ" ಎಂದೆ. "ಏನೂ ಇಲ್ಲ. ಬನ್ನಿ ಅಕ್ಕ."

ಅವರು ಬಂದರು. ನಾನು ಅವರ ಮುಂದೆ ನಡೆದೆ.